ಮೂರು ಬೆರಳಿನ ಖೂನ

ಹಳೆಯ ಶಿಷ್ಯೆ ಪೂನಮ ಹನ್ನೊಂದು ಗಂಟೆಗೆ ಬರುವವಳಿದ್ದಳು. ರೇವಣ್ಣ ಒಂಬತ್ತಕ್ಕೇ ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟು ಪಡಸಾಲೆಯ ಕುರ್ಚಿಯಲ್ಲಿ ಕೂತ. ಕೂತ ಜಾಗ ಸರಿಯಿಲ್ಲವೆನಿಸಿ ಎದ್ದು, ಕುರ್ಚಿಯನ್ನು ಪುಸ್ತಕದ ಕಪಾಟಿನ ಮುಂದಕ್ಕೆ ಎಳೆದು ಮತ್ತೆ ಕೂತ. ಇವತ್ತು ಅವಳು ಅವನ ಮಾತನ್ನು ಮೊಬೈಲಿನಲ್ಲಿ ಹಿಡಿದು ಪೋಲಂಡಿಗೆ ಕಳಿಸುವವಳು. ಹಳೆಯ ಸಿನೆಮಾಗಳನ್ನು ಕೂಡಿಡುವ ಅಲ್ಲಿನ ಒಂದು ಸಂಸ್ಥೆಯವರು ಪತ್ರ ಬರೆದು ಕೇಳಿದ್ದರು: ಲುದ್ವಿಕ್ ಝರೆಂಬಾ ಎಂಬ ನಮ್ಮ ಆದ್ಯ ಚಲನಚಿತ್ರಕಾರ ೧೯೦೨ರಲ್ಲಿ ತೆಗೆದ, ಮರುವರ್ಷವೇ ಸುಟ್ಟುಹೋದ ಚಿತ್ರದೊಳಗೆ ಏನಿತ್ತೆಂಬುದು ತಮಗೆ ಹೇಗೆ ತಿಳಿಯಿತು? ತುಂಬ ಮರ್ಯಾದೆಯಿಂದ ಕೇಳಿದ್ದರು. ಜಗತ್ತಿನಲ್ಲಿ ಇನ್ನಾರಿಗೂ ಗೊತ್ತಿಲ್ಲದ್ದು ಮರಾಠಿ ಗಡಿಯ ಸಂಖವೆಂಬ ಊರಿನ ನಿವೃತ್ತ ಕನ್ನಡ ಮಾಸ್ತರನಿಗೆ ಗೊತ್ತಿರುವುದು ಅವರಿಗೆ ಆಶ್ಚರ್ಯ ತಂದಿತ್ತೇ ಹೊರತು ಅನುಮಾನ ತಂದಿರಲಿಲ್ಲ. ಅನುಮಾನ ರೇವಣ್ಣನಿಗೂ ಇರಲಿಲ್ಲ, ಅವನಿಗೆ ಖಾತ್ರಿಯೇ ಇತ್ತು: ಆ ಚಿತ್ರದಲ್ಲಿ ಏನಿತ್ತೆಂಬುದು ಅವನಿಗೂ ಗೊತ್ತಿರಲಿಲ್ಲ.

ಜತ್ತದ ವಾಚನಾಲಯದಲ್ಲಿ ಒಂದು ಕಾಲಕ್ಕೆ ಇಂಗ್ಲಿಷ್ ವಿಶ್ವಕೋಶವೊಂದಿತ್ತು. ಇಪ್ಪತ್ತನಾಲ್ಕು ಸಂಪುಟಗಳು ಒಂದೊಂದಾಗಿ ದೊಡ್ಡವರ ಮನೆ ಸೇರಿ, ಯಾರಿಗೂ ಬೇಡವಾದ 'ಪಿ' ಅಕ್ಷರದ ಸಂಪುಟವೊಂದೇ ಉಳಿದಿತ್ತು. ಫ್ರಾನ್ಸಿನ ಸಂಪುಟ ಉಳಿದಿದ್ದರೆ ರೇವಣ್ಣ ಫ್ರಾನ್ಸಿನವರ ಮೇಲೆ ಪುಸ್ತಕ ಬರೆಯುತ್ತಿದ್ದ, ಪೋಲಂಡಿನವರು ಉಳಿದುಕೊಳ್ಳುತ್ತಿದ್ದರು. ಅದರಲ್ಲಿ ಪೋಲಂಡಿನ ಲೇಖನದ ಕೊನೆಗೆ ಸಿನೆಮಾದ ಬಗ್ಗೆ ಅರ್ಧ ಪುಟ, ಅದರೊಳಗೆ ಝರೆಂಬಾನ ಬಗ್ಗೆ ನಾಲ್ಕು ಸಾಲು. ಔಷಧದಂಗಡಿಯವನ ಮಗ. ಕ್ಯಾಮರಾ ತಾನೇ ಜೋಡಿಸಿಕೊಂಡ. ಮೂರು ಕಿರುಚಿತ್ರ ತೆಗೆದ, ಮೂರೂ ಬೆಂಕಿಗೆ ಹೋದವು. ಒಂದರ ಹೆಸರು ಮಾತ್ರ ಉಳಿದಿದೆ, ಆ ಹೆಸರಿಗೆ ಗುರುತು ಎಂದರ್ಥ. ಆಗ ರೇವಣ್ಣನಿಗೆ ಮೂವತ್ತಮೂರು ವರ್ಷ. ಬಿಜಾಪುರದ ಪತ್ರಿಕೆಗಳಿಗೆ ಕವಿತೆ ಕಳಿಸುವುದು, ಅವರು ವಾಪಸು ಕಳಿಸುವುದು, ಹೀಗೆ ಒಂದು ಸಂಬಂಧ ನಡೆದಿತ್ತು. ಗುರುತು ಎಂಬ ಶಬ್ದ ಓದಿದ್ದೇ ಅವನೊಳಗೆ ಏನೋ ಕುಟುಕಿತು. ಈ ಕಡೆ ಗುರುತಿಗೆ ಖೂನ ಎನ್ನುತ್ತಾರೆ. ಕುರಿಯ ಮೈಮೇಲೆ ಹಾಕುವ ಬಣ್ಣದ ಗೆರೆಯೂ ಖೂನ, ಮನುಷ್ಯ ಮನುಷ್ಯನ ಮುಖ ಹಿಡಿದು ಇಂಥವನೆಂದು ಅರಿಯುವುದೂ ಖೂನ. ಹೊರಟ ಬಸ್ಸು ತಪ್ಪಿಸಿಕೊಂಡು ಸಂಜೆಯವರೆಗೆ ವಾಚನಾಲಯದಲ್ಲೇ ಕೂತ. ನಾಲ್ಕು ಸಾಲು ಆರು ತಿಂಗಳಲ್ಲಿ ಮೂವತ್ತೆರಡು ಪುಟವಾದವು, ಒಳ್ಳೆಯ ವರ್ಷದಲ್ಲಿ ಹಿಂಡು ಬೆಳೆದ ಹಾಗೆ. ಪುಸ್ತಕಕ್ಕೆ ಝರೆಂಬಾನ ಚಿತ್ರದ ಹೆಸರನ್ನೇ ಇಟ್ಟ, ತನ್ನ ಭಾಷೆಯಲ್ಲಿ: 'ಖೂನ'.

ಹದಿನೇಳನೆಯ ಪುಟದಲ್ಲಿ ಆ ಚಿತ್ರದ ವರ್ಣನೆಯಿತ್ತು. ಚೌಕಟ್ಟಿನ ಬಲದಿಂದ ಒಂದು ಹೆಂಗಸಿನ ಕೈ ಬರುತ್ತದೆ. ಮುಖ ಕಾಣುವುದಿಲ್ಲ. ಕೆಂಪು ಮಣ್ಣಿನಲ್ಲಿ ಅದ್ದಿದ ಆ ಕೈ ಕುರಿಮರಿಯ ಕತ್ತಿನ ಮೇಲೆ ಮೂರು ಗೆರೆ ಎಳೆಯುತ್ತದೆ. ಮೊದಲ ಗೆರೆಗೂ ಎರಡನೆಯದಕ್ಕೂ ನಡುವೆ ಒಂದು ಗೆರೆಯಷ್ಟು ಜಾಗ ಖಾಲಿ. ಮರಿ ಕತ್ತು ತಿರುಗಿಸಿ ನಮ್ಮ ಕಡೆ ನೋಡುತ್ತದೆ, ಅಲ್ಲಿಗೆ ಚಿತ್ರ ಮುಗಿಯುತ್ತದೆ. ಬಿಜಾಪುರದ ವಿಮರ್ಶಕರೊಬ್ಬರು ಈ ಮೂರು ಗೆರೆಗಳೆಂದರೆ ಪೋಲಂಡನ್ನು ಹಂಚಿಕೊಂಡ ಮೂರು ಸಾಮ್ರಾಜ್ಯಗಳೆಂದೂ ಖಾಲಿ ಬಿಟ್ಟ ಜಾಗ ಭೂಪಟದಿಂದ ಅಳಿಸಿಹೋದ ಆ ದೇಶವೇ ಎಂದೂ ಬರೆದರು. ಓದಿ ರೇವಣ್ಣ ಬೆರಗಾದ. ಎರಡನೆಯ ಮುದ್ರಣದಲ್ಲಿ ಅದನ್ನು ತನ್ನದೇ ಮಾತಾಗಿ ಸೇರಿಸಿದ. ಕಪ್ಪು ಬಿಳುಪಿನ ಚಿತ್ರದಲ್ಲಿ ಮಣ್ಣು ಕೆಂಪೆಂದು ಹೇಗೆ ಗೊತ್ತಾಯಿತೆಂದು ಮಾತ್ರ ಮೂವತ್ತು ವರ್ಷ ಯಾರೂ ಕೇಳಲಿಲ್ಲ.

ಕೇಳದಿರಲು ಬೇರೆ ಕಾರಣವೂ ಇತ್ತು. ಸಾಂಗಲಿಯ ಚಿತ್ರಪ್ರೇಮಿಗಳ ಮಂಡಳಿಯೊಂದು ಪುಸ್ತಕವನ್ನು ಮರಾಠಿಗೆ ಮಾಡಿಸಿತು. ಮರಾಠಿಯಲ್ಲಿ ಖೂಣ ಎಂದರೆ ಗುರುತು, ಖೂನ ಎಂದರೆ ಕೊಲೆ. ಅನುವಾದಕ ಆತುರದವನು, ಹೆಸರನ್ನು ಕೊಲೆಯೆಂದೇ ಓದಿಕೊಂಡ. ಅಚ್ಚಿನ ಮೊಳೆ ಜೋಡಿಸುವವನು ಪೋಲಿಶ್ ಎಂಬಲ್ಲಿ ಪೋಲೀಸ್ ಎಂದು ಕೂರಿಸಿದ. ಹೀಗೆ ಝರೆಂಬಾ ಜಗತ್ತಿನ ಮೊದಲ ಪೋಲೀಸ್ ಚಿತ್ರ ತೆಗೆದವನಾದ. ಕೆಂಪು ಕೈ ಕೊಲೆಗಾತಿಯದಾಯಿತು, ಕುರಿಮರಿ ಏಕೈಕ ಸಾಕ್ಷಿಯಾಯಿತು. ಪುಸ್ತಕ ಕನ್ನಡದಲ್ಲಿ ಮಾರಾಟವಾಗದಷ್ಟು ಮರಾಠಿಯಲ್ಲಿ ಮಾರಾಟವಾಯಿತು. ರೇವಣ್ಣನನ್ನು ಸಾಂಗಲಿಗೆ ಕರೆಸಿ ಅಪರಾಧ ಚಿತ್ರಗಳ ಹುಟ್ಟಿನ ಬಗ್ಗೆ ಮಾತಾಡಿಸಿದರು. ತಪ್ಪು ತಿದ್ದಬೇಕೆಂದೇ ವೇದಿಕೆ ಹತ್ತಿದ. ಶಾಲು ಹೊದಿಸಿದ ಮೇಲೆ ನಲವತ್ತು ನಿಮಿಷ ಕೊಲೆಯ ಬಗ್ಗೆಯೇ ಮಾತಾಡಿ ಇಳಿದ. ಊರಲ್ಲಿ ಅವನಿಗೆ ಪೋಲೀಸ ಮಾಸ್ತರ ಎಂದು ಹೆಸರು ಬಿತ್ತು. ಮೋಟಾರ್‌ಸೈಕಲ್ ಕಳೆದುಕೊಂಡವರು, ಬದುವಿನ ಜಗಳದವರು ಠಾಣೆಯಲ್ಲಿ ಒಂದು ಮಾತು ಹೇಳಿರೆಂದು ಬೆಳಗಾದರೆ ಬಾಗಿಲಿಗೆ ಬರುತ್ತಿದ್ದರು. ಅವರನ್ನು ವಾಪಸು ಕಳಿಸುವಾಗ ತನಗೆ ನಿಜಕ್ಕೂ ಠಾಣೆಯಲ್ಲಿ ವಶೀಲಿಯಿದೆ, ಆದರೆ ತಾನು ಅದನ್ನು ಬಳಸುವವನಲ್ಲ ಎಂಬಂಥ ಮುಖ ಮಾಡುವುದನ್ನು ಅವನು ಕಲಿತುಬಿಟ್ಟಿದ್ದ.

ಹತ್ತೂಕಾಲಿಗೆ ಬಾಗಿಲಲ್ಲಿ ನೆರಳು ಬಿತ್ತು. ಪೂನಮಳೆಂದು ಎದ್ದುನಿಂತರೆ ಅಣ್ಣ ಅಮೋಗಸಿದ್ದ. ಮಾಡಗ್ಯಾಳದಿಂದ ತಹಶೀಲಿ ಕಚೇರಿಗೆ ಹೊಲದ ಪಹಣಿಯ ಉತಾರ ತರಲು ಬಂದಿದ್ದನಂತೆ. ಸಾಹೇಬ ಹನ್ನೆರಡಕ್ಕೆ ಬರುತ್ತಾನಂತೆ, ಅಲ್ಲಿಯತನಕ ಕಟ್ಟೆಯ ಮೇಲೆ ಕೂಡುವುದರ ಬದಲು ತಮ್ಮನ ಮನೆಯಲ್ಲಿ ಕೂತರಾಯಿತೆಂದು ಬಂದನಂತೆ. ಎಪ್ಪತ್ತರ ಮುದುಕ, ಹೆಗಲ ಮೇಲೆ ಕಂಬಳಿ, ಕೈಯಲ್ಲಿ ಬಜಾರದಿಂದ ತಂದ ಒಂದು ಕಾಗದದ ಪೊಟ್ಟಣ. ಕಂಬಳಿ ಬಿಚ್ಚಿ ಕೆಳಗೆ ಹಾಸಿ ಗೋಡೆಗೊರಗಿದ. ಕುರಿಯ ಉಣ್ಣೆಯ, ಹಿಕ್ಕೆಯ, ಮಳೆಗೆ ನೆನೆದು ಒಣಗಿದ ಕೂದಲ ವಾಸನೆ ಪಡಸಾಲೆಯ ತುಂಬ ಹಬ್ಬಿ ಕಪಾಟಿನ ಪುಸ್ತಕಗಳವರೆಗೂ ಹೋಯಿತು. ರೇವಣ್ಣ ಗಡಿಯಾರ ನೋಡಿದ. ಮೊಬೈಲಿನ ಚೌಕಟ್ಟಿನಲ್ಲಿ ಕುರ್ಚಿಯಿಂದ ಗೋಡೆಯವರೆಗೆ ಎಷ್ಟು ಹಿಡಿಯುತ್ತದೆಂದು ಮನಸ್ಸಿನಲ್ಲೇ ಅಳತೆ ಮಾಡಿದ. ಅಣ್ಣನನ್ನು ಹಿತ್ತಲಿಗೆ ಕಳಿಸುವುದು ಹೇಗೆ? ಅಲ್ಲಿ ನೆರಳಿದೆ, ತಂಪಾಗಿದೆ ಎಂದ. ಅಮೋಗಸಿದ್ದ ಇಲ್ಲಿಯೂ ತಂಪೇ ಇದೆಯೆಂದ. ಒಳಗಿಂದ ಚಂದ್ರಾಬಾಯಿ ಚಹಾ ತಂದು ಕೊಡುತ್ತ ಗಂಡನ ಮುಖ ನೋಡಿದಳು. ಮೂವತ್ತೆಂಟು ವರ್ಷ ಸಂಸಾರ ಮಾಡಿದ ಹೆಂಡತಿ, ಅವಳಿಗೆ ಆ ಮುಖ ಹೊಸದಲ್ಲ. ಬಾವನವರಿಗೆ ಇನ್ನೊಂದು ಕಪ್ಪು ಬೇಕೇನೋ ಎಂದು ಬೇಕೆಂದೇ ಕೇಳಿ ಅವನನ್ನು ಅಲ್ಲೇ ಭದ್ರವಾಗಿ ಕೂರಿಸಿ ಹೋದಳು.

ಜತ್ತದ ಬೋರ್ಡಿಂಗಿನ ಗೇಟಿನಲ್ಲೂ ಇದೇ ವಾಸನೆ ಬಂದಿತ್ತು, ಆಗ ಅವನು ಹತ್ತನೆಯ ಇಯತ್ತೆ. ಗೆಳೆಯರೆಲ್ಲ ಮರಾಠಿ ಮನೆಗಳ ಹುಡುಗರು. ತನ್ನ ತಂದೆ ತಲಾಠಿ, ಊರ ಲೆಕ್ಕ ಬರೆಯುವ ಸರಕಾರಿ ನೌಕರನೆಂದು ಅವರಿಗೆ ಹೇಳಿಟ್ಟಿದ್ದ. ಒಂದು ಮಧ್ಯಾಹ್ನ ಊಟಕ್ಕೆ ಸಾಲು ನಿಂತಾಗ ಗೇಟಿನಲ್ಲಿ ಅವನ ತಾಯಿ ಹಾಲವ್ವ. ಬಗಲಲ್ಲಿ ರೊಟ್ಟಿಯ ಗಂಟು. ಅವತ್ತು ಹೊಸ ಮರಿಗಳಿಗೆ ಖೂನ ಹಾಕಿ, ಕೈ ತೊಳೆಯುವಷ್ಟೂ ಪುರಸೊತ್ತಿಲ್ಲದೆ ಬಸ್ಸು ಹಿಡಿದಿರಬೇಕು, ಮೊಣಕೈಯವರೆಗೆ ಹುರಮಂಜೆಂಬ ಕೆಂಪು ಮಣ್ಣಿನ ಬಣ್ಣ. ಹಿಂದಿನಿಂದ ಒಬ್ಬ, 'ಖೂನ ಕರೂನ ಆಲೀ ಕೀ ಕಾಯ್' ಎಂದ, ಕೊಲೆ ಮಾಡಿ ಬಂದಳೋ ಏನೋ ಎಂದು. ಸಾಲಿಗೆ ಸಾಲೇ ನಕ್ಕಿತು. ರೇವಣ್ಣನೂ ನಕ್ಕ. ಮೊದಲು ನಕ್ಕವನು ತಾನೇ ಇರಬಹುದೆಂದು ಆಮೇಲೆ ಬಹಳ ಸಲ ಅನಿಸಿದೆ. ಬೋರ್ಡಿಂಗಿನ ಗುರುಗಳು ಅವನನ್ನು ಕರೆದು, ನಿನ್ನ ಕಡೆಯ ಮಾತಾಡುತ್ತಾಳೆ, ಖೂನ ಇದೆಯೇನೋ ನೋಡು ಎಂದರು. ನಾಲ್ಕು ಮಾರು ದೂರದಲ್ಲಿ ತಾಯಿ ನಿಂತಿದ್ದಳು. ಅವಳ ಕಣ್ಣು ಅವನ ಹೊಸ ಚಪ್ಪಲಿಯ ಮೇಲಿತ್ತು. ಅವನು, "ಇಲ್ರಿ, ನನಗ ಖೂನ ಇಲ್ಲ" ಎಂದ. ಹಾಲವ್ವ ತಲೆಯ ಮೇಲಿನ ಸೆರಗು ಸರಿಮಾಡಿಕೊಂಡು ತಿರುಗಿ ಹೋದಳು. ಹದಿಮೂರು ವರ್ಷ ಆಮೇಲೆ ಬದುಕಿದ್ದಳು. ಅವನು ಊರಿಗೆ ಬಂದಾಗೆಲ್ಲ ಊಟಕ್ಕೆ ಬಡಿಸಿದಳು, ಬೆಣ್ಣೆ ಹಾಕಿದಳು, ಆ ದಿನದ ಮಾತು ಮಾತ್ರ ಒಮ್ಮೆಯೂ ತೆಗೆಯಲಿಲ್ಲ. ತೆಗೆದು ಬೈದಿದ್ದರೆ ಅವನು ಝರೆಂಬಾನ ತಂಟೆಗೆ ಹೋಗುತ್ತಿರಲಿಲ್ಲವೇನೋ. ಅವಳ ಒಂದು ಫೋಟೋ ಕೂಡ ಮನೆಯಲ್ಲಿಲ್ಲ. ತಾಯಿಯ ಮೇಲೆ ಬರೆಯಲು ಕೂತರೆ ಪೆನ್ನು ಓಡದ ಮನುಷ್ಯ, ಪೋಲಂಡಿನವನ ಹೆಸರಲ್ಲಿ ಆ ಕೈಯನ್ನು ಒಂದೇ ಏಟಿಗೆ ಬರೆದು ಮುಗಿಸಿದ್ದ.

ಪೂನಮ ಹನ್ನೊಂದಕ್ಕೆ ಸರಿಯಾಗಿ ಬಂದಳು. ಯಳವಿಯ ಹುಡುಗಿ, ಇವನ ಕೈಯಲ್ಲೇ ಹತ್ತನೆಯದು ಪಾಸಾಗಿ ಈಗ ಕೊಲ್ಹಾಪುರದಲ್ಲಿ ಸಿನೆಮಾದ ಚರಿತ್ರೆಯ ಮೇಲೆ ಪಿಎಚ್‌ಡಿ ಮಾಡುವವಳು. ಈ ಭಾಗದಲ್ಲಿ ಮರಾಠಿ ಬಿಟ್ಟು ಕನ್ನಡ ಪುಸ್ತಕವನ್ನೇ ಓದಿದ ಮೊದಲನೆಯವಳು, ಅದು ಪೋಲೀಸರ ಕಥೆಯಲ್ಲ, ಪೋಲಂಡಿನ ಕಥೆ, ಕೊಲೆಯಲ್ಲ, ಗುರುತು ಎಂದು ಕಂಡುಹಿಡಿದವಳೂ ಅವಳೇ. ಅದರ ಮೇಲೆ ಮೂರು ವರ್ಷ ಕೂತು, ಅಳಿದುಹೋದ ಚಿತ್ರವೊಂದು ಇನ್ನೊಂದು ಭಾಷೆಯ ಪುಸ್ತಕದಲ್ಲಿ ಬದುಕಿಕೊಂಡದ್ದು ಹೇಗೆ ಎಂಬ ಅಧ್ಯಾಯ ಬರೆದಿದ್ದಳು, ಅದನ್ನು ಓದಿಯೇ ಪೋಲಂಡಿನವರು ಪತ್ರ ಬರೆದದ್ದು. ಅಮೋಗಸಿದ್ದನನ್ನು ಕಂಡು ಕೈಮುಗಿದು, ಏಳಬೇಡಿ ಅಜ್ಜಾರ ಎಂದು ಅವನ ಕಂಬಳಿಯ ತುದಿಗೇ ಕೂತಳು. ರೇವಣ್ಣ ಮಾಡಿದ ಅಳತೆಯೆಲ್ಲ ಕೆಟ್ಟಿತು. ಮೊಬೈಲನ್ನು ನೀರಿನ ತಂಬಿಗೆಗೆ ಒರಗಿಸಿ ನಿಲ್ಲಿಸಿ, ಶುರುವಾಗಿದೆಯೆಂದು ಹೇಳಿದಳು. ಅವರು ಕೇಳಿರುವುದು ಬಹಳವಿಲ್ಲ, ಯಾವ ಆಧಾರದಿಂದ ಬರೆದಿರೆಂದು ಒಂದು ಮಾತು ಸಾಕು, ಅವರ ಯಾದಿಯಲ್ಲಿ ಆ ಚಿತ್ರದ ಮುಂದೆ ನಿಮ್ಮ ವರ್ಣನೆಯನ್ನೇ ಹಾಕುತ್ತಾರೆ, ನೂರಿಪ್ಪತ್ತು ವರ್ಷದಿಂದ ಆ ಜಾಗ ಖಾಲಿಯಿದೆ ಎಂದಳು. ಹೇಳುವಾಗ ಅವಳ ಕಣ್ಣು ಹೊಳೆಯುತ್ತಿತ್ತು.

ಉತ್ತರವನ್ನು ರೇವಣ್ಣ ರಾತ್ರಿಯೇ ತಯಾರು ಮಾಡಿಟ್ಟಿದ್ದ. ಕೊಲ್ಹಾಪುರದ ಹತ್ತಿರ ಯುದ್ಧಕಾಲದಲ್ಲಿ ಪೋಲಂಡಿನ ನಿರಾಶ್ರಿತರ ವಸತಿಯಿತ್ತಲ್ಲ, ಅಲ್ಲಿದ್ದ ಒಬ್ಬ ಮುದುಕಿ ಚಿಕ್ಕಂದಿನಲ್ಲಿ ಆ ಚಿತ್ರ ನೋಡಿದ್ದಳು, ಅವಳು ಅಲ್ಲಿಯ ಒಬ್ಬ ಹಾಲಿನವನಿಗೆ ಹೇಳಿದಳು, ಆ ಹಾಲಿನವನು ನನಗೆ ಹೇಳಿದ. ಮುದುಕಿಯೂ ಸತ್ತಿದ್ದಾಳೆ, ಹಾಲಿನವನೂ ಸತ್ತಿದ್ದಾನೆ. ಇಷ್ಟು ಗಟ್ಟಿಯಾದ ಸುಳ್ಳು ತನಗೆ ಕವಿತೆಯಲ್ಲಿ ಎಂದೂ ಹೊಳೆಯಲಿಲ್ಲವಲ್ಲ ಎಂದು ಅವನಿಗೆ ಖೇದವೂ ಆಗಿತ್ತು. ಗಂಟಲು ಸರಿಮಾಡಿಕೊಂಡ. ಅಷ್ಟರಲ್ಲಿ ಪೂನಮ, ನಿಮ್ಮ ಬಾಯಿಗಿಂತ ಮೊದಲು ಪುಸ್ತಕದ ಮಾತು ಬರಲಿ ಎಂದು ಹದಿನೇಳನೆಯ ಪುಟ ತೆಗೆದು ಗಟ್ಟಿಯಾಗಿ ಓದಿದಳು. ಓದಿ ಮುಗಿಸಿ, ಅವರದು ಇನ್ನೂ ಒಂದು ಸಣ್ಣ ಪ್ರಶ್ನೆ ಇದೆಯೆಂದು ನಕ್ಕಳು.

"ಸರ್, ಚಿತ್ರ ಕಪ್ಪು ಬಿಳುಪಿಂದು. ಮಣ್ಣು ಕೆಂಪು ಅಂತ ಹ್ಯಾಂಗ ಗೊತ್ತಾತ್ರಿ?"

ರೇವಣ್ಣ ಬಾಯಿ ತೆರೆದ. ಪೋಲಂಡಿನ ಮುದುಕಿಯನ್ನಾಗಲಿ ಹಾಲಿನವನನ್ನಾಗಲಿ ಇದಕ್ಕೆ ಅವನು ತಯಾರು ಮಾಡಿರಲಿಲ್ಲ. ಉತ್ತರ ಕೆಳಗಿನಿಂದ, ಕಂಬಳಿಯ ಮೇಲಿನಿಂದ ಬಂತು.

"ಹುರಮಂಜ ಕೆಂಪ ಇರದ ಹಸರ ಇರತೈತೇನ ತಂಗಿ" ಎಂದ ಅಮೋಗಸಿದ್ದ. ಬಸಿಯಲ್ಲಿದ್ದ ಚಹಾದ ಕೊನೆಯ ಗುಟುಕು ಹೀರಿ ಕೆಳಗಿಟ್ಟ. "ಅದು ನಮ್ಮವ್ವನ ಕೈ ಅಲ್ಲೇನು. ನಡುವಿನ ಬೆರಳ ಇರಲಿಲ್ಲ ಆಕಿಗೆ, ಸಣ್ಣಾಕಿ ಇದ್ದಾಗ ಮೇವಿನ ಕುಡಗೋಲಿಗೆ ಹೋಗಿತ್ತು. ಮೂರ ಗೆರಿ, ನಡುವ ಸಂದಿ. ಹಾಲವ್ವನ ಖೂನ ಅಂದ್ರ ಮಾಡಗ್ಯಾಳದಿಂದ ಸಂಖದ ತನಕಾ ಗೊತ್ತಿತ್ತು. ಪೋಲೀಸರಿಗೆ ಹ್ಯಾಂಗ ಸಿಕ್ಕಿತು ಅದು?"

ಪೂನಮ ಮೊದಲು ನಕ್ಕಳು, ಅಜ್ಜನಿಗೆ ತಿಳಿಯಲಿಲ್ಲವೆಂದು. ಆಮೇಲೆ ರೇವಣ್ಣನ ಕಡೆ ನೋಡಿದಳು. ಅವನು ಗಡಿಯಾರ ನೋಡುತ್ತಿದ್ದ. ಇದನ್ನು ದಾಟುವುದು ಕಷ್ಟವಿರಲಿಲ್ಲ. ಅಣ್ಣನಿಗೆ ವಯಸ್ಸಾಗಿದೆ, ಎಲ್ಲ ಕೈಯೂ ಅವನಿಗೆ ತಾಯಿಯ ಕೈಯೇ ಎಂದರೆ ಸಾಕು. ಮೊಬೈಲಿನ ಮುಂದೆ ಎರಡು ಮಾತು. ಮುಂದಿನ ತಿಂಗಳು ಸಾಂಗಲಿಯಲ್ಲಿ ಸನ್ಮಾನ, ಕಾರ್ಡು ಛಾಪಿಸಿಯಾಗಿದೆ. ಈ ಹುಡುಗಿಯ ಮೂರು ವರ್ಷವೂ ಉಳಿಯುತ್ತದೆ. ತನ್ನ ಮರ್ಯಾದೆಗಾಗಿ ಅಲ್ಲ, ಅವಳಿಗಾಗಿ ಎಂದು ಅವನು ತನಗೆ ತಾನೇ ಹೇಳಿಕೊಂಡ. ಹೇಳಿಕೊಂಡದ್ದು ಎಷ್ಟು ಚೆನ್ನಾಗಿ ಕೂತಿತೆಂದರೆ ಅವನಿಗೇ ಹೇಸಿಗೆಯಾಯಿತು. ಅಣ್ಣ ಇದ್ಯಾವುದರ ಪರಿವೆಯಿಲ್ಲದೆ ಪೂನಮಳಿಗೆ ತಾಯಿಯ ಕಥೆ ಹೇಳತೊಡಗಿದ್ದ. ಹಿಂಡಿನ ಮುನ್ನೂರು ಕುರಿಯಲ್ಲಿ ಒಂದು ಮರಿ ಬದಲಾದರೂ ಹಿಡಿಯುತ್ತಿದ್ದಳು, ಅಂಥವಳು ಒಮ್ಮೆ ಮಾತ್ರ ಮೋಸ ಹೋದಳು ಎಂದ.

"ಈ ನಿಮ್ಮ ಮಾಸ್ತರ ಜತ್ತದಾಗ ಸಾಲಿ ಕಲೀತಿದ್ದ. ರೊಟ್ಟಿ ಕಟಗೊಂಡ ನೋಡಾಕ ಹ್ವಾದ್ಲು. ಗಂಟ ಹಂಗs ವಾಪಸ ತಂದ್ಲು. ಯಾಕಬೇ ಅಂದ್ರ, ಎಲ್ಲಾ ಹುಡುಗರೂ ಒಂದs ನಮೂನಿ ಅಂಗಿ ತೊಟ್ಟಿದ್ರು, ನನ್ನ ಮಗಾ ಯಾಂವ ಅಂತ ನನಗs ಖೂನ ಸಿಗಲಿಲ್ಲ ಅಂದ್ಲು. ಸಾಯೂತನಕಾ ನಾವು ಚಾಷ್ಟಿ ಮಾಡಿದ್ವಿ, ಕುರಿ ಖೂನ ಹಿಡೀತಿ, ಹಡೆದ ಮಗನ ಖೂನ ಹಿಡೀಲಿಲ್ಲಲ್ಲ ಅಂತ. ನಕ್ಕೋತ ಹೌದ ಅಂತಿದ್ಲು."

ಅಮೋಗಸಿದ್ದ ಈಗಲೂ ನಕ್ಕ. ಒಳಬಾಗಿಲಲ್ಲಿ ನಿಂತಿದ್ದ ಚಂದ್ರಾಬಾಯಿಯೂ ನಕ್ಕಳು, ಅವಳು ಈ ಕಥೆಯನ್ನು ಮದುವೆಯಾಗಿ ಬಂದ ವರ್ಷವೇ ಅತ್ತೆಯ ಬಾಯಿಂದ ಕೇಳಿದ್ದಳಂತೆ. ಮನೆಮಂದಿಗೆಲ್ಲ ಗೊತ್ತಿದ್ದ ಕಥೆ, ರೇವಣ್ಣ ಇದ್ದಲ್ಲಿ ಮಾತ್ರ ಯಾರೂ ಹೇಳಿರಲಿಲ್ಲ. ಹೇಳಬೇಡಿರೆಂದು ಹಾಲವ್ವನೇ ಕಟ್ಟಪ್ಪಣೆ ಮಾಡಿದ್ದಳಂತೆ, ಪಾಪ, ಹುಡುಗ ಮನಸ್ಸಿಗೆ ಹಚ್ಚಿಕೊಳ್ಳುತ್ತಾನೆಂದು. ನಲವತ್ತೆಂಟು ವರ್ಷ ರೇವಣ್ಣ ತನ್ನ ಪಾಪವನ್ನು ಯಾರಿಗೂ ಕಾಣದ ಹಾಗೆ ಮುಚ್ಚಿಟ್ಟೆನೆಂದುಕೊಂಡಿದ್ದ. ಅದನ್ನು ಮುಚ್ಚಿದವಳು ಅವಳು. ತನ್ನ ಕಣ್ಣಿಗೇ ದೋಷ ಹೊರಿಸಿಕೊಂಡು, ಹದಿಮೂರು ವರ್ಷ ನಗಿಸಿಕೊಂಡು, ಒಂದು ದಿನವೂ ಮಗನಿಗೆ ಲೆಕ್ಕ ಒಪ್ಪಿಸದೆ ಹೋಗಿದ್ದಳು. ಅವಳ ಸುಳ್ಳಿನ ಮುಂದೆ ತನ್ನ ಮೂವತ್ತೆರಡು ಪುಟದ ಸುಳ್ಳು ಎಷ್ಟು ಬಡವಾಗಿತ್ತು. ಅವನು ಕುರ್ಚಿಯ ತೋಳನ್ನು ಹಿಡಿದುಕೊಂಡ.

"ಆಕಿಗೆ ಖೂನ ಸಿಕ್ಕಿತ್ತು" ಎಂದ. "ನಾನs ಖೂನ ಇಲ್ಲ ಅಂದೆ. ಆಕಿ ಎದುರಿಗೇ ಅಂದೆ." ಆಮೇಲೆ ಪೂನಮಳ ಕಡೆ ತಿರುಗಿ ಉಳಿದದ್ದನ್ನೂ ಹೇಳಿದ. ಝರೆಂಬಾನ ಬಗ್ಗೆ ತನಗೆ ಗೊತ್ತಿರುವುದು ನಾಲ್ಕು ಸಾಲು. ಹದಿನೇಳನೆಯ ಪುಟದಲ್ಲಿರುವುದು ಮಾಡಗ್ಯಾಳದ ದೊಡ್ಡಿ. ಕೈ ಹಾಲವ್ವನದು. ತಾಯಿಯ ಹೆಸರು ಹಾಕಿದರೆ ಯಾರು ಓದುತ್ತಾರೆಂದು ಪೋಲಂಡಿನವನ ಹೆಸರು ಹಾಕಿದೆ ಎಂದ. ಅಲ್ಲ, ಅದೂ ಸುಳ್ಳು, ಹಾಕಲು ನಾಚಿಕೆಯಾಯಿತು ಎಂದ.

ಪೂನಮ ಪುಸ್ತಕ ಮುಚ್ಚಿ ಅದರ ಮೇಲೆ ಕೈಯಿಟ್ಟಳು. "ನಂದು ಮೂರು ವರ್ಷ ಸರ್" ಎಂದಳು. ಕೂಗಲಿಲ್ಲ. ಕೂಗಿದ್ದರೆ ಅವನಿಗೆ ಸಮಾಧಾನವಾಗುತ್ತಿತ್ತು. ಶಾಲೆಯಲ್ಲಿ ತಪ್ಪು ಬರೆದವರಿಂದ ಹತ್ತು ಸಲ ಬರೆಸುತ್ತಿದ್ದವನು ಈಗ ಏಟಿಗೆ ಕೈ ಮುಂದೆ ಚಾಚಿ ನಿಂತ ಹುಡುಗನಂತೆ ಕೂತಿದ್ದ. ಚಂದ್ರಾಬಾಯಿ ಒಳಗೆ ಹೋಗಲಿಲ್ಲ, ಹೊರಗೂ ಬರಲಿಲ್ಲ.

ಅಮೋಗಸಿದ್ದನಿಗೆ ಪೋಲಂಡಿನ ಭಾಗ ಅರ್ಥವಾಗಲಿಲ್ಲ, ಗೇಟಿನ ಭಾಗ ಅರ್ಥವಾಯಿತು. ತಮ್ಮನನ್ನು ನೋಡಿದ. ಪೊಟ್ಟಣ ಬಿಚ್ಚಿ ಒಂದು ಚಿಟಿಕೆ ಹುರಮಂಜನ್ನು ಚಹಾದ ಬಸಿಗೆ ಹಾಕಿ, ಲೋಟದಲ್ಲಿದ್ದ ನೀರು ಹನಿಸಿ ಬೆರಳಿನಿಂದ ಕಲೆಸಿದ. ಹ್ಯಾಂಗ ಹಾಕುತ್ತಿದ್ದಳೆಂದು ನಿನಗೆ ತೋರಿಸಬೇಕಲ್ಲ ತಂಗಿ, ಬರೀ ಬಾಯಿ ಮಾತಲ್ಲಿ ತಿಳಿಯುವುದಿಲ್ಲ ಎಂದ. ನಡುವಿನ ಬೆರಳನ್ನು ಅಂಗೈಗೆ ಮಡಚಿದ. ಹೆಬ್ಬೆರಳು ಬಿಟ್ಟು ಉಳಿದ ಮೂರನ್ನು ಕೆಂಪಿನಲ್ಲಿ ಅದ್ದಿದ. ಅತ್ತಿತ್ತ ನೋಡಿದ. ಮನೆಯಲ್ಲಿ ಮರಿ ಇರಲಿಲ್ಲ.

"ಬಗ್ಗು" ಎಂದ ತಮ್ಮನಿಗೆ.

ಬಿಳಿ ಅಂಗಿ ಎಂದು ಚಂದ್ರಾಬಾಯಿ ಬಾಗಿಲಿಂದ ಎಚ್ಚರಿಸಿದಳು. ರೇವಣ್ಣ ಕುರ್ಚಿಯಿಂದ ಇಳಿದು ಕಂಬಳಿಯ ಮೇಲೆ ಮೊಣಕಾಲೂರಿ ಕತ್ತು ಬಗ್ಗಿಸಿದ. ಉಣ್ಣೆಯ ವಾಸನೆ ಮೂಗಿಗೆ ತುಂಬಿತು. ಕತ್ತಿನ ಹಿಂದೆ ತಣ್ಣಗೆ ಒಂದು ಗೆರೆ ಇಳಿಯಿತು, ಸ್ವಲ್ಪ ಜಾಗ ಬಿಟ್ಟು ಇನ್ನೆರಡು. ನೀರು ಕಾಲರಿನೊಳಗೆ ಹರಿದು ಬೆನ್ನಿಗೆ ಹೋಯಿತು.

"ಇನ್ನ ಯಾವ ಹಿಂಡಿನ್ಯಾಗ ಹೋದ್ರೂ ಖೂನ ಸಿಗತೈತಿ" ಎಂದು ಅಮೋಗಸಿದ್ದ ಕೈಯನ್ನು ಕಂಬಳಿಗೆ ಒರೆಸಿಕೊಂಡ.

ತಂಬಿಗೆಗೆ ಒರಗಿಸಿಟ್ಟ ಮೊಬೈಲು ಇಷ್ಟೂ ಹೊತ್ತು ನಡೆದೇ ಇತ್ತು. ಪೂನಮ ಅದನ್ನು ಎತ್ತಿಕೊಂಡಳು. ಸಿಟ್ಟು ಇನ್ನೂ ಇಳಿದಿರಲಿಲ್ಲ, ಕಣ್ಣು ಮಾತ್ರ ಒದ್ದೆಯಾಗಿತ್ತು. ಕ್ಯಾಮರಾವನ್ನು ಅವನ ಕಡೆಗೇ ಹಿಡಿದು ಕೇಳಿದಳು.

"ಇದನ್ನ ಕಳಸಲೇನ್ರಿ ಸರ್, ಇಲ್ಲಾ ಅಳಿಸಿ ಬಿಡ್ಲಿ?"

ರೇವಣ್ಣ ಬಗ್ಗಿಕೊಂಡೇ ಇದ್ದ. ಹಾಗೆಯೇ ಕತ್ತು ತಿರುಗಿಸಿ ಅವಳ ಕೈಯಲ್ಲಿದ್ದ ಮೊಬೈಲಿನ ಕಡೆ ನೋಡಿದ.

"ಕಳಸು" ಎಂದ. "ಕೈ ಯಾರದು ಅಂತ ಕೇಳಿದ್ರ, ಹಾಲವ್ವ ಅಂತ ಬರಿ."